ಗೋಡೆಯೊಳಗಿನ ಬೆಳ್ಳಿ ರೂಪಾಯಿ

ಊಟಿ ಬೆಟ್ಟಗಳಲ್ಲಿ, ಕೂಕಲ್ತೊರೈ ಕಡೆಯ ನಮ್ಮ ಹಟ್ಟಿಯಲ್ಲಿ ಮನೆಗಳೆಲ್ಲ ಒಂದೇ ಸಾಲು. ನಮಗೂ ಪಕ್ಕದ ಮನೆಗೂ ನಡುವೆ ಒಂದೇ ಮಣ್ಣಿನ ಗೋಡೆ. ಪಕ್ಕದವರು ಬೇರೆ ಯಾರೂ ಅಲ್ಲ, ನನ್ನ ಅಜ್ಜನ ಅಣ್ಣನ ಮನೆಯವರು. ಆದರೂ ಆ ಮನೆಯ ದೊಡ್ಡ ಹೆತ್ತೆ ನಮ್ಮ ಹೊಸಿಲು ದಾಟಿದ್ದನ್ನು ನಾನು ಕಂಡಿರಲಿಲ್ಲ. ಹೆತ್ತೆ ಎಂದರೆ ನಮ್ಮಲ್ಲಿ ಅಜ್ಜಿ.

ನನ್ನ ಹೆತ್ತೆ ಹೊಸ ಸೊಸೆಯಾಗಿದ್ದಾಗ ಅವಳ ಅತ್ತೆ ಒಂದು ಬೆಳಿಗ್ಗೆ ಮಾತು ನಿಂತು ಮಲಗಿದವಳು ಮತ್ತೆ ಏಳಲಿಲ್ಲ. ಆಲೂಗಡ್ಡೆ ಮಾರಿ ಅವಳು ಕೂಡಿಟ್ಟಿದ್ದ ಬೆಳ್ಳಿ ರೂಪಾಯಿಗಳು ಎಲ್ಲಿಯೂ ಸಿಗಲಿಲ್ಲ. ಆರೈಕೆ ಮಾಡಿದವಳು ನನ್ನ ಹೆತ್ತೆ. ಹಿರಿಯ ಸೊಸೆ, ಅಂದರೆ ಈ ದೊಡ್ಡ ಹೆತ್ತೆ, ಹಟ್ಟಿಯ ಮುಂದಿನ ಬಯಲಲ್ಲಿ ನಿಂತು, "ಇವಳೇ ತೆಗೆದಳು" ಎಂದು ಎಲ್ಲರೆದುರು ಹೇಳಿದಳಂತೆ.

ತೊಂಬತ್ತರ ದಶಕದ ಕೊನೆಯಲ್ಲಿ, ನಾನು ಕಾಲೇಜು ಸೇರಬೇಕಿದ್ದ ವರ್ಷ, ನಮ್ಮ ಮನೆಗೆ ಗ್ಯಾಸ್ ಒಲೆ ಬಂತು. ಅದಕ್ಕೆ ಚಪ್ಪಡಿ ಕೂರಿಸಲು ಅಪ್ಪ ಅಡುಗೆಮನೆಯ ಆ ಗೋಡೆಯನ್ನು ಅಗೆಯುತ್ತಿದ್ದರು. ಹಾರೆ ಒಮ್ಮೆಲೇ ಒಳಕ್ಕೆ ಇಳಿಯಿತು. ಮಣ್ಣಿನ ಜೊತೆ ಹಿತ್ತಾಳೆ ಚೊಂಬೊಂದು ಉರುಳಿ ಬಿತ್ತು. ಒಳಗೆ ಕಪ್ಪಾದ ರೂಪಾಯಿಗಳು. ಒಂದನ್ನು ದಾವಣಿಯ ತುದಿಯಿಂದ ಉಜ್ಜಿದೆ. ಗಡ್ಡದ ರಾಜನ ಮುಖ ಹೊಳೆಯಿತು.

ಆ ವರ್ಷ ಚಹಾ ಎಲೆಗೆ ಬೆಲೆಯೇ ಇರಲಿಲ್ಲ. ಅಪ್ಪ ದನಿ ತಗ್ಗಿಸಿ, "ಬಾಗಿಲು ಹಾಕು. ಯಾರಿಗೂ ಹೇಳಬೇಡ" ಎಂದರು.

ಹೆತ್ತೆ ಕೂತಲ್ಲಿಂದ ಎದ್ದಳು. "ಬಾಗಿಲ ತೆರೆ. ಹೋಗಿ ಅಕ್ಕನ ಕರೆ."

ದೊಡ್ಡ ಹೆತ್ತೆ ಬಂದು ಬಾಗಿಲಲ್ಲೇ ನಿಂತಳು. ಅತ್ತೆಯ ಚೊಂಬಿನ ಗುರುತು ಸಿಕ್ಕಿದ್ದೇ ಅಲ್ಲೇ ಕುಸಿದು ಕೂತಳು.

"ತಂಗೆ, ನಾ ತಪ್ಪು ಹೇಳಿದೆ."

"ನೀ ಅಂದು ಬಯಲಲ್ಲಿ ನಿಂತು ಹೇಳಿದೆ, ಅಕ್ಕ. ಇಂದೂ ಅಲ್ಲೇ ಹೇಳು."

ಅವಳು ಬಯಲಿಗೆ ಹೋದಳು, ನಾವೂ ಹಿಂದೆ ಹೋದೆವು. ಎಲೆ ಕೊಯ್ದು ಮೂಟೆ ಹೊತ್ತು ಬರುತ್ತಿದ್ದ ಹೆಂಗಸರು ನಿಂತರು. "ಇವಳು ಕಳ್ಳಿ ಅಲ್ಲ. ಸುಳ್ಳು ಹೊರಿಸಿದವಳು ನಾ" ಎಂದಳು. ನನ್ನ ಹೆತ್ತೆ ಅತ್ತದ್ದನ್ನು ನಾನು ಮೊದಲ ಸಲ ನೋಡಿದ್ದು ಅಂದೇ. "ಸಾಕು, ಒಳಗ ಬಾ" ಎಂದು ಓರಗಿತ್ತಿಯ ಕೈ ಹಿಡಿದಳು. ಅಗೆದ ಮಣ್ಣಿನ ನಡುವೆಯೇ ಕೂತು ಇಬ್ಬರೂ ಕಾಫಿ ಕುಡಿದರು.

ಅಪ್ಪ ಮುಖ ಸಪ್ಪೆ ಮಾಡಿಕೊಂಡು ರೂಪಾಯಿಗಳನ್ನು ಎರಡು ಪಾಲು ಮಾಡಿದರು. ನಮ್ಮ ಪಾಲಿನಿಂದಲೇ ನಾನು ಊಟಿಯ ಕಾಲೇಜಿಗೆ ಸೇರಿದ್ದು.

ಅದನ್ನು ಮಾರಲು ಇಬ್ಬರು ಹೆತ್ತೆಯರೂ ನನ್ನನ್ನು ಕರೆದುಕೊಂಡು ಕೋಟಗಿರಿಗೆ ಬಸ್ಸು ಹತ್ತಿದರು. ಒಂದೇ ಸೀಟಿನಲ್ಲಿ ಅಂಟಿ ಕೂತು, ದಾರಿಯುದ್ದಕ್ಕೂ ಗೋಡೆಯಲ್ಲಿ ಬಚ್ಚಿಟ್ಟು ಯಾರಿಗೂ ಹೇಳದೆ ಸತ್ತ ಅತ್ತೆಯನ್ನು ಬೈದರು. ಬೈಯುತ್ತ ಬೈಯುತ್ತ ನಗು ತಡೆಯಲಾರದೆ ಒಬ್ಬರ ಹೆಗಲಿಗೆ ಒಬ್ಬರು ಒರಗಿದರು.