ಬಿಸಿಲಲ್ಲೂ ನಿಲ್ಲದ ವೈಪರು

ತೀರ್ಥಹಳ್ಳಿ ಪೇಟೆ ಮುಗಿದು ಆಗುಂಬೆ ರಸ್ತೆ ಶುರುವಾಗುವಲ್ಲಿ ಒಂದು ಹಂಚಿನ ಮಾಡು. ಅದರ ಕೆಳಗೆ, ಬೆಳಕು ಇನ್ನೂ ಸರಿಯಾಗಿ ಬಿಚ್ಚಿಕೊಳ್ಳದ ಹೊತ್ತಿನಲ್ಲಿ, ಹೂವಪ್ಪ ಮೇಸ್ತ್ರಿ ಕಪ್ಪು ಅಂಬಾಸಿಡರ್ ಕಾರೊಂದರೊಳಗೆ ಅಂಗಾತ ಮಲಗಿದ್ದಾರೆ. ಕಾಲು ಬಾಗಿಲಿನಿಂದ ಹೊರಗೆ, ತಲೆ ಡ್ಯಾಶ್‌ಬೋರ್ಡಿನ ಅಡಿಗೆ, ಕೆನ್ನೆಗೂ ಹೆಗಲಿಗೂ ನಡುವೆ ಸಿಕ್ಕಿಸಿಕೊಂಡ ಟಾರ್ಚು. ಮುಂದಿನ ಗಾಜಿನ ಮೇಲೆ ವೈಪರು ಒಂದೇ ಸಮನೆ ಆಡುತ್ತಿದೆ. ಮಳೆಯಿಲ್ಲ, ಮಂಜೂ ಇಲ್ಲ. ವೈಶಾಖದ ಆಕಾಶ ತೊಳೆದಿಟ್ಟ ತಟ್ಟೆಯ ಹಾಗಿದೆ. ಒಣಗಾಜಿನ ಮೇಲೆ ರಬ್ಬರು ಉಜ್ಜುವ ಸದ್ದು ಕೇಳಿ ಹಾಲು ಹೊತ್ತು ಹೋಗುತ್ತಿದ್ದ ಕೆರಿಯಮ್ಮ ರಸ್ತೆಯಿಂದಲೇ ಕೂಗುತ್ತಾರೆ.

"ಎಂತ ಮೇಸ್ತ್ರಿ, ಮಳೆ ಬರೋಕೆ ಮುಂಚೇನೇ ಒರೆಸೋಕೆ ಶುರು ಮಾಡಿದ್ರಾ? ಬಾ ಅಂತ ಕಾಗ್ದ ಏನಾದ್ರೂ ಹಾಕಿದ್ರಾ ಅದಕ್ಕೆ?"

ಬೇರೆ ದಿನವಾಗಿದ್ದರೆ ಮೇಸ್ತ್ರಿ ಅದಕ್ಕೊಂದು ಮಾತು ತಿರುಗಿಸಿ ಹೇಳುತ್ತಿದ್ದರು. ಇವತ್ತು ತಲೆಯನ್ನು ಇನ್ನಷ್ಟು ಒಳಗೆ ಸರಿಸುತ್ತಾರೆ. ಇದೇ ಕಾರು ಇದೇ ಕಾಯಿಲೆಗೆ ಅವರ ಮಾಡಿನಡಿಗೆ ಬರುತ್ತಿರುವುದು ಮೂರನೆಯ ಸಲ. ಎರಡನೆಯ ಸಲ ಬಂದಾಗ ಅವರು ತಪ್ಪನ್ನು ಒಬ್ಬ ಮನುಷ್ಯನ ತಲೆಗೆ ಕಟ್ಟಿ ಕಳಿಸಿದ್ದರು. ಆ ಮನುಷ್ಯ ಈಗ ಅಕ್ಕಿ ಮಂಡಿಯಲ್ಲಿ ಮೂಟೆ ಹೊರುತ್ತಿದ್ದಾರೆ. ಕಾಯಿಲೆ ಮಾತ್ರ ಕಾರಿನಲ್ಲೇ ಇದೆ.

ಹೂವಪ್ಪನವರ ಊರು ಮೇಳಿಗೆ. ತಂದೆ ಗೇಣಿ ಮಾಡುತ್ತಿದ್ದವರು. ಅಳೆದು ಕೊಟ್ಟು ಉಳಿದ ಭತ್ತ ಎರಡು ಗಂಡುಮಕ್ಕಳ ಹೊಟ್ಟೆಗೆ ಸಾಲುತ್ತಿರಲಿಲ್ಲ. ಸಾಗರದ ಆಚೆ ಲಿಂಗನಮಕ್ಕಿಯಲ್ಲಿ ಅಣೆಕಟ್ಟಿನ ಕೆಲಸ ಜೋರಾದಾಗ ಅಣ್ಣ ಮಾಸ್ತಪ್ಪನೂ ಇವರೂ ಒಂದೇ ಕಂಬಳಿ ಸುತ್ತಿಕೊಂಡು ಅಲ್ಲಿಗೆ ಹೋದರು. ಅಣ್ಣ ಲಾರಿಗೆ ಕ್ಲೀನರ್ ಆದ. ತಮ್ಮ ಲಾರಿ ರಿಪೇರಿ ಮಾಡುವ ಶೆಡ್ಡಿನಲ್ಲಿ ಸ್ಪ್ಯಾನರು ಎತ್ತಿಕೊಡುತ್ತ, ಬೈಸಿಕೊಳ್ಳುತ್ತ ಕೆಲಸ ಕಲಿತ. ಎಲ್ಲರೂ ಎಂಜಿನ್ನಿನ ಸುತ್ತ ಮುತ್ತಿಕೊಂಡರೆ ಹೂವಪ್ಪನವರಿಗೆ ವೈರುಗಳ ಮೇಲೆ ಮನಸ್ಸು. ಈಗ ಸಾಗರ, ಹೊಸನಗರದ ಡ್ರೈವರುಗಳೂ ದೀಪ, ಹಾರನ್, ವೈಪರು ಕೆಟ್ಟರೆ "ತೀರ್ಥಹಳ್ಳಿ ಹೂವಪ್ಪನ ಹತ್ರ ತಗೊಂಡ್ ಹೋಗು" ಎನ್ನುತ್ತಾರೆ. ಮಳೆಗಾಲದಲ್ಲಿ ವೈಪರಿಲ್ಲದೆ ಘಾಟಿ ಇಳಿಯುವುದೆಂದರೆ ಕಣ್ಣು ಕಟ್ಟಿಕೊಂಡು ಬಾವಿಯ ಕಟ್ಟೆಯ ಮೇಲೆ ನಡೆದಂತೆ ಎಂದು ಈ ಸೀಮೆಯ ಡ್ರೈವರುಗಳಿಗೆ ಯಾರೂ ಹೇಳಬೇಕಾಗಿಲ್ಲ.

ಓಡದ ವೈಪರಿಗಿಂತ ನಿಲ್ಲದ ವೈಪರು ಕಷ್ಟ ಎನ್ನುತ್ತಾರೆ ಹೂವಪ್ಪ. "ನೋಡಿ, ಈ ಗಾಡೀಲಿ ಚಾವಿ ಹಾಕಿದ ಕೂಡ್ಲೆ ಕರೆಂಟು ಮೋಟಾರಿನ ಬಾಗ್ಲಿಗೆ ಬಂದು ನಿಂತಿರ್ತದೆ. ಅದು ಗಾಡಿಯ ಕಬ್ಬಿಣದ ಮೈಗೆ ಇಳ್ದು ಹೋಗೋಕೆ ಒಂದು ದಾರಿ ಬೇಕು. ಸ್ವಿಚ್ಚಿನ ಗುಂಡಿ ಎಳೆದ್ರೆ ದಾರಿ ಸಿಗ್ತದೆ, ವೈಪರು ಓಡ್ತದೆ. ಗುಂಡಿ ಒಳಗೆ ತಳ್ಳಿದ್ರೆ ದಾರಿ ಬಂದ್, ಅದು ತನ್ನಷ್ಟಕ್ಕೆ ಅಂಚಿಗೆ ಹೋಗಿ ಮಲಗ್ತದೆ. ತಳ್ಳಿದ್ಮೇಲೂ ಓಡ್ತಾ ಇದೆ ಅಂದ್ರೆ ಎಲ್ಲೋ ಒಂದು ಕಳ್ಳದಾರಿ ಇದೆ ಅಂತ. ಅದನ್ನ ಹುಡುಕೋದೇ ಕೆಲ್ಸ." ವೈರಿನ ಮೇಲಿನ ಬಟ್ಟೆ ಸವೆದು ಕಬ್ಬಿಣಕ್ಕೆ ತಾಗಿರಬಹುದು, ಇಲಿ ಕಡಿದಿರಬಹುದು, ಮೋಟಾರಿನೊಳಗಿನ ತಾಮ್ರದ ನಾಲಿಗೆ ಅಂಟಿಕೊಂಡಿರಬಹುದು. ಒಂದೊಂದೇ ವೈರು ಬಿಚ್ಚುತ್ತ ಹೋಗಬೇಕು. ಯಾವುದನ್ನು ಬಿಚ್ಚಿದಾಗ ವೈಪರು ನಿಲ್ಲುತ್ತದೋ, ಕಳ್ಳದಾರಿ ಅದರಾಚೆಗಿದೆ.

ಈ ಮಾಡಿನಡಿಯ ಕೆಲಸಕ್ಕೆ ಒಂದು ಕಟ್ಟಳೆಯಿದೆ. ಅದನ್ನು ಹಾಕಿಕೊಂಡವರು ಹೂವಪ್ಪನವರೇ. ಅಣ್ಣ ಮಾಸ್ತಪ್ಪನಿದ್ದ ಲಾರಿ ಒಂದು ಆಷಾಢದಲ್ಲಿ ಆಗುಂಬೆ ಘಾಟಿಯಲ್ಲಿ ಕೆಳಗುರುಳಿತು, ಅವನು ಉಳಿಯಲಿಲ್ಲ. ವೈಪರು ಕೆಟ್ಟಿತ್ತಂತೆ, ಮಾಸ್ತಪ್ಪ ಕೈ ಹೊರಗೆ ಚಾಚಿ ಬಟ್ಟೆಯಿಂದ ಗಾಜು ಒರೆಸುತ್ತ ಕೂತಿದ್ದನಂತೆ. ಅಂದಿನಿಂದ ತನ್ನ ಕೈಯಿಂದ ರಿಪೇರಿಯಾಗಿ ಹೋಗುವ ಪ್ರತಿ ಗಾಡಿಗೂ ಹೂವಪ್ಪ ಒಂದು ತಗಡು ಕಟ್ಟುತ್ತಾರೆ. ಬೆರಳಗಲದ ತಾಮ್ರದ ತಗಡು. ಮೊಳೆಯಿಂದ ಅದರ ಮೇಲೆ 'ಶ್ರೀರಾಮ' ಎಂದು ಕೊರೆದು, ಸೋಮವಾರ ರಾಮೇಶ್ವರ ದೇವಸ್ಥಾನದ ಹೊಸ್ತಿಲಲ್ಲಿಟ್ಟು, ಕಪ್ಪು ದಾರದಲ್ಲಿ ಡ್ಯಾಶ್‌ಬೋರ್ಡಿನ ಹಿಂದೆ ಯಾರ ಕಣ್ಣಿಗೂ ಬೀಳದ ಹಾಗೆ ಕಟ್ಟುವುದು. ಅದೇ ಗಾಡಿ ಮತ್ತೆ ರಿಪೇರಿಗೆ ಬಂದರೆ ಮೊದಲು ತುಂಗೆಯಲ್ಲಿ ಸ್ನಾನ. ಆಮೇಲೆ ತಗಡನ್ನು ಬಿಚ್ಚಿ ಕಣ್ಣಿಗೊತ್ತಿಕೊಂಡು, ಹಿತ್ತಾಳೆಯ ತಟ್ಟೆಯಲ್ಲಿ ಒಂದು ಹೂವಿನ ಜೊತೆ ಇಡುವುದು. ಆಮೇಲೆ ಕೆಲಸ. ಕೆಲಸ ಮುಗಿದ ಮೇಲೆ ಕೈ ತೊಳೆದು ಮತ್ತೆ ಕಟ್ಟುವುದು. ಬೇರೆ ಯಾರೂ ಅದನ್ನು ಮುಟ್ಟಕೂಡದು.

ಕೋಣಂದೂರಿನ ಮುಕುಂದಯ್ಯನವರ ಈ ಬಾಡಿಗೆ ಕಾರು ಯುಗಾದಿಯ ಹೊತ್ತಿಗೆ ಬ್ರೇಕಿನ ಕೆಲಸಕ್ಕೆ ಬಂದಿತ್ತು. ಆಗ ತಗಡು ಕಟ್ಟಿದ್ದಾಯಿತು. ಕಾರಿನ ಡ್ರೈವರ್ ಮಾರಪ್ಪ. ಮಾತು ಕಡಿಮೆ, ಕೈ ನಿಧಾನ. ಈ ರಸ್ತೆಯಲ್ಲಿ ಹಾಯುವಾಗಲೆಲ್ಲ ಮಾಡಿನ ಎದುರು ಪೀಂ ಪೀಂ ಎಂದು ಹಾರನ್ ಒತ್ತುವುದು ಅವರ ರೂಢಿ. ಗಾಡಿಯಡಿ ಮಲಗಿದ ಹೂವಪ್ಪ ತಲೆ ಎತ್ತದೆಯೇ ಒಂದು ಕೈ ಹೊರಗೆ ಚಾಚಿ ಅಲ್ಲಾಡಿಸುತ್ತಿದ್ದರು.

ಯುಗಾದಿ ಕಳೆದು ಕೆಲವು ದಿನಕ್ಕೇ ವೈಪರು ಕೆಟ್ಟಿತು. ಮದುವೆಯ ದಿಬ್ಬಣ ಹೊತ್ತ ಕಾರು ಸುಡುಬಿಸಿಲಲ್ಲಿ ಗಾಜು ಒರೆಸಿಕೊಳ್ಳುತ್ತ ತೀರ್ಥಹಳ್ಳಿ ಪೇಟೆ ದಾಟಿದಾಗ ಅಂಗಡಿಯವರು ಎದ್ದುನಿಂತು ನಕ್ಕರು. ಹೆಣ್ಣಿನ ಕಡೆಯವರು ಅಪಶಕುನವೆಂದರು. ಹೂವಪ್ಪ ಕಟ್ಟಳೆಯಂತೆ ತಗಡು ಬಿಚ್ಚಿಟ್ಟು ನೋಡಿದರೆ ವೈಪರು ಹೇಳಿದ ಮಾತು ಕೇಳುತ್ತದೆ. ಆದರೂ ಇರಲಿ ಎಂದು ಹೊಸ ಸ್ವಿಚ್ಚು ಹಾಕಿದರು. ವಾರವಾಗುವಷ್ಟರಲ್ಲಿ ಕಾರು ಮತ್ತೆ ಬಂತು. ತಗಡು ಬಿಚ್ಚಿ ನೋಡಿದರೆ ಮತ್ತೆ ಎಲ್ಲವೂ ಸರಿ. ಆಗ ಮಾರಪ್ಪ ಹತ್ತಿರ ಬಂದು ಸಣ್ಣ ದನಿಯಲ್ಲಿ ಹೇಳಿದ್ದರು.

"ಮೇಸ್ತ್ರಿ, ಒಂದು ಮಾತು ಹೇಳ್ಲಾ? ರಸ್ತೆ ಗುಂಡೀಲಿ ಗಾಡಿ ಎತ್ತಿ ಹಾಕಿದ್ ಕೂಡ್ಲೆ ಸ್ವಿಚ್ಚಿನ ಹಿಂದೆ ಟಿಣ್ ಅಂತದೆ. ಅಲ್ಲಿಂದ ಶುರು ಇದು. ನಿಮ್ಮ ತಗಡು ಅಲ್ಲಾಡ್ತದೋ ಏನೋ. ಒಂದ್ಸಲ ನೋಡ್ತೀರಾ?"

"ದೇವರ ತಗಡಿಗೆ ಕೈ ಹಾಕಿದ್ಯೇನೋ?"

"ಅಯ್ಯೋ, ನಾ ಮುಟ್ತೀನಾ? ನೀವು ಹೇಳಿದ ದಿನದಿಂದ ಆ ಕಡೆ ಬೆರಳೂ ಚಾಚಿಲ್ಲ."

"ಮತ್ತೆ ಸುಮ್ನಿರು. ನಿನ್ನ ಕೈ ನೆಟ್ಟಗಿಲ್ದೇ ಇರೋದನ್ನ ದೇವ್ರ ಮೇಲೆ ಹಾಕ್ತೀಯ?"

ಅಷ್ಟಕ್ಕೇ ಬಿಟ್ಟಿದ್ದರೆ ಬೇರೆ ಮಾತು. ಮುಕುಂದಯ್ಯ ಬಂದಾಗ ನಾಲ್ಕು ಜನರ ಎದುರು ಹೂವಪ್ಪ, "ಗಾಡೀಲಿ ಎಂತ ದೋಷವೂ ಇಲ್ಲ ಅಯ್ಯಾ. ಇವನ ಕೈ ಒರಟು. ಗುಂಡೀನ ಕೋಣದ ಹಗ್ಗ ಜಗ್ಗಿದ ಹಾಗೆ ಜಗ್ತಾನೆ" ಎಂದುಬಿಟ್ಟರು. ನಾಲ್ಕೂ ಜನ ನಕ್ಕರು. ಮುಕುಂದಯ್ಯ ನಗಲಿಲ್ಲ, ಕೈ ಚಾಚಿದರು. ಮಾರಪ್ಪ ಚಾವಿಯನ್ನು ಆ ಕೈಯಲ್ಲಿಡಲಿಲ್ಲ. ಬಾನೆಟ್ಟಿನ ಮೇಲಿಟ್ಟು ರಸ್ತೆಗಿಳಿದು ನಡೆದುಹೋದರು.

ನಿನ್ನೆ ಸಂಜೆ ಕಾರನ್ನು ತಂದವನು ಹೊಸ ಡ್ರೈವರ್ ಶೇಷಪ್ಪ, ಮುಕುಂದಯ್ಯನವರಿಗೆ ದೂರದ ನೆಂಟ. ಬೆಳಿಗ್ಗೆ ಬೇಗ ಸಾಗರಕ್ಕೆ ನಿಶ್ಚಿತಾರ್ಥಕ್ಕೆ ಹೋಗಬೇಕು, ಕಾರು ತಯಾರಿರಲಿ ಎಂದು ಯಜಮಾನರು ಹೇಳಿ ಕಳಿಸಿದ್ದರು. ಹಾಗಾಗಿ ಇವತ್ತು ಹೂವಪ್ಪ ಹೊಳೆಗೆ ಹೋಗದೆ ಕೆಲಸಕ್ಕೆ ಕೂತಿದ್ದಾರೆ. ಮೈಲಿಗೆಯ ಮೈ. ತಗಡು ಮುಟ್ಟುವಂತಿಲ್ಲ. ಅದು ಕಟ್ಟಿದಲ್ಲೇ ಇದೆ.

ಸ್ವಿಚ್ಚಿನಿಂದ ವೈರು ಬಿಚ್ಚುತ್ತಾರೆ. ವೈಪರು ನಿಲ್ಲುತ್ತದೆ. ಮತ್ತೆ ಸಿಕ್ಕಿಸುತ್ತಾರೆ. ಓಡುತ್ತದೆ. ಹಾಗಾದರೆ ಕಳ್ಳದಾರಿ ಇಲ್ಲೇ, ಸ್ವಿಚ್ಚಿನ ಬುಡದಲ್ಲೇ. ಆದರೆ ಸ್ವಿಚ್ಚು ಹೊಸದು. ಟಾರ್ಚಿನ ಬೆಳಕು ಬಿಟ್ಟು ನೋಡುತ್ತಾರೆ. ದಾರ ಜೋತುಬಿದ್ದು ತಗಡು ಓರೆಯಾಗಿದೆ. ಅದರ ಒಂದಂಚು ವೈರು ಕೂರುವ ಸ್ಕ್ರೂವಿನ ಮೇಲೆ, ಇನ್ನೊಂದಂಚು ಡ್ಯಾಶ್‌ಬೋರ್ಡಿನ ಕಬ್ಬಿಣದ ಮೇಲೆ. ಮಾಮೂಲಿ ಅವರು ತಗಡು ಕಟ್ಟುವುದು ಸ್ಟೇರಿಂಗಿನ ಕಂಬಕ್ಕೆ. ಈ ಕಾರಿನಲ್ಲಿ ಅಲ್ಲಿ ಇಕ್ಕಟ್ಟೆಂದು ಸ್ವಿಚ್ಚಿನ ಹಿಂದೆ ಕಟ್ಟಿದ್ದರು.

ಕೈಯಿಂದ ಮುಟ್ಟುವಂತಿಲ್ಲವಲ್ಲ, ಪೊರಕೆಯಿಂದ ಒಂದು ಕಡ್ಡಿ ಕಿತ್ತು ಅದರಿಂದ ತಗಡನ್ನು ಆಚೆ ತಳ್ಳುತ್ತಾರೆ. ವೈಪರು ಒಮ್ಮೆ ಬೀಸಿ, ಅಂಚಿಗೆ ಹೋಗಿ, ಮಲಗುತ್ತದೆ. ಕಡ್ಡಿ ಬಿಡುತ್ತಾರೆ. ಟಿಣ್. ವೈಪರು ಏಳುತ್ತದೆ. ಗೊತ್ತಾದ ಮೇಲೂ ಮತ್ತೊಮ್ಮೆ ತಳ್ಳುತ್ತಾರೆ, ಮತ್ತೊಮ್ಮೆ ಬಿಡುತ್ತಾರೆ. ಅಂಚು ಕಪ್ಪಗೆ ಸುಟ್ಟಿದೆ. ನಡುವೆ ಅವರದೇ ಕೈಬರಹದ 'ಶ್ರೀರಾಮ' ನೆಟ್ಟಗಿದೆ.

ಹೆಂಡತಿ ಶೇಷಮ್ಮ ಕಾಫಿ ತಂದಾಗ ಹೂವಪ್ಪ ಕಾರಿನ ತೆರೆದ ಬಾಗಿಲಲ್ಲಿ ಕೂತಿದ್ದಾರೆ.

"ಎಂತ ಆಯ್ತು? ಮುಖ ಯಾಕೆ ಹಾಂಗೆ ಇಟ್ಕಂಡಿದೀರಿ? ಸಿಕ್ಲಿಲ್ವಾ ದೋಷ?"

"ಸಿಕ್ತು. ನಂದೇ."

ಅವರು ಹೇಳುತ್ತಾರೆ. ಶೇಷಮ್ಮ ಲೋಟ ಹಿಡಿದೇ ಕೇಳಿಸಿಕೊಳ್ಳುತ್ತಾರೆ. "ಮಾರಪ್ಪನ ಹೆಂಡ್ತಿ ಹುಲಿಗೆಮ್ಮ ಮೊನ್ನೆ ಹೊಳೆ ಹತ್ರ ಸಿಕ್ಕಿದ್ಲು. ನನ್ನ ನೋಡಿ ಮಾತಾಡ್ದೆ ಆ ಕಡೆ ತಿರುಗಿದ್ಲು. ಯಾಕಪ್ಪ ಇವಳಿಗೆ ಇಷ್ಟು ಸೊಕ್ಕು ಅಂದ್ಕಂಡೆ." ಲೋಟ ಕೆಳಗಿಡುತ್ತಾರೆ. "ಈಗ ನಾನು ಯಾವ ಕಡೆ ತಿರುಗ್ಲಿ?"

ಮುಕುಂದಯ್ಯ ಶೇಷಪ್ಪನ ಜೊತೆ ಬರುತ್ತಾರೆ. ಪಂಚೆಗೆ ಜರಿ, ಹಣೆಗೆ ಗಂಧ. "ಆಯ್ತಾ ಹೂವಪ್ಪಾ? ಎಂತ ಇತ್ತು?"

ವೈರು ಸವೆದಿತ್ತು ಎಂದರೆ ಸಾಕು. ಬಗ್ಗಿ ನೋಡುವವರು ಯಾರೂ ಇಲ್ಲ. ಅಪ್ಪ ಗೇಣಿ ಕೊಡಲಾಗದ ವರ್ಷವೂ ಹೂವಪ್ಪ ಇಷ್ಟು ತಲೆ ತಗ್ಗಿಸಿರಲಿಲ್ಲ. "ತಗಡು ಅಯ್ಯಾ. ನಾ ಕಟ್ಟಿದ್ದು. ನಾ ಬಿಚ್ಚಿಟ್ಟು ನೋಡ್ತಿದ್ದೆ, ಸರಿ ಇರ್ತಿತ್ತು. ಕಟ್ಟಿ ಕಳಿಸ್ತಿದ್ದೆ, ಕೆಡ್ತಿತ್ತು. ಮಾರಪ್ಪನ ಕೈ ಒರಟಲ್ಲ. ಅವ್ನು ನಂಗೆ ಹೇಳಿದ್ದ."

ಮುಕುಂದಯ್ಯ ಶೇಷಪ್ಪನ ಮುಖ ನೋಡುತ್ತಾರೆ, ಆಮೇಲೆ ರಸ್ತೆ. "ಬಿಡು ಮಾರಾಯ. ದೇವ್ರ ಹೆಸ್ರು ಯಾಕೆ ಎಳೀತೀಯ? ವೈರು ಅಂತ ಹೇಳು, ಮುಗೀತು. ಆದದ್ದು ಆಯ್ತಲ್ಲ."

"ಆದದ್ದು ಅವನಿಗೆ ಆಯ್ತು ಅಯ್ಯಾ. ಒಂದು ಗಳಿಗೆ ನಿಲ್ಲಿ. ತಗಡು ಬೇರೆ ಕಡೆ ಕಟ್ದೆ ಗಾಡಿ ಬಿಡಲ್ಲ ನಾನು."

ಮಂಡಿ ಕೂಗಳತೆಯ ದೂರ. ಲಾರಿಯ ಹಿಂದೆ ಮಾರಪ್ಪ ಮೂಟೆಗೆ ಬೆನ್ನು ಕೊಟ್ಟು ನಿಂತಿದ್ದಾರೆ. ಹಮಾಲರೆಲ್ಲ ನೋಡುತ್ತಿರುವಾಗಲೇ ಹೂವಪ್ಪ ಎದುರು ಹೋಗಿ ನಿಲ್ಲುತ್ತಾರೆ.

"ತಗಡೇ ಆಗಿತ್ತು ಮಾರಪ್ಪ."

ಮಾರಪ್ಪ ಮೂಟೆ ಇಳಿಸುತ್ತಾರೆ. ತಲೆಗೆ ಕಟ್ಟಿದ ಬಟ್ಟೆ ಬಿಚ್ಚಿ ಕತ್ತು ಒರೆಸಿಕೊಳ್ಳುತ್ತಾರೆ. "ನಾ ಹೇಳಿದ್ನಲ್ಲ ಮೇಸ್ತ್ರಿ."

ಹಮಾಲರಲ್ಲೊಬ್ಬ, "ಕೋಣದ ಹಗ್ಗ ಎಲ್ಲೋಯ್ತು ಮೇಸ್ತ್ರಿ?" ಎನ್ನುತ್ತಾನೆ. ಆ ಮಾತು ಇಲ್ಲಿಯವರೆಗೂ ಬಂದಿದೆ. ಹೂವಪ್ಪ ಮಾರಪ್ಪನ ಕಡೆಗೇ ನೋಡುತ್ತ, "ಒಂದು ಗಳಿಗೆ ಬಾ. ಅದನ್ನ ಬೇರೆ ಕಡೆ ಕಟ್ಬೇಕು. ನೀನೇ ಕಟ್ಟು" ಎನ್ನುತ್ತಾರೆ.

ಮಾರಪ್ಪ ಬರುತ್ತಾರೆ. ಮಾಡಿನ ಹೊರಗೇ, ಮುಕುಂದಯ್ಯನವರಿಂದ ಅಷ್ಟು ದೂರದಲ್ಲಿ ನಿಲ್ಲುತ್ತಾರೆ.

"ನಾನು ಹೇಗೆ ಮುಟ್ಲಿ ಮೇಸ್ತ್ರಿ? ಸ್ನಾನ ಆಗಿಲ್ಲ."

"ನಂದೂ ಆಗಿಲ್ಲ."

ಹಳೆಯ ಸೈಕಲ್ ಟ್ಯೂಬಿನ ಒಂದು ತುಂಡನ್ನು ಹೂವಪ್ಪ ಕತ್ತರಿಸಿ ಕೊಡುತ್ತಾರೆ. ಅಕ್ಕಿಯ ತೌಡು ಮೆತ್ತಿದ ಕೈಯಿಂದ ಮಾರಪ್ಪ ತಗಡು ಬಿಚ್ಚಿ, ಒಂದು ಕ್ಷಣ ಏನು ಮಾಡಬೇಕೆಂದು ತಿಳಿಯದೆ ಹಿಡಿದುಕೊಂಡು, ಕಣ್ಣಿಗೊತ್ತಿಕೊಂಡು, ಟ್ಯೂಬಿನೊಳಗೆ ತುರುಕಿ ಸ್ಟೇರಿಂಗಿನ ಕಂಬಕ್ಕೆ ಬಿಗಿಯುತ್ತಾರೆ. ಇಕ್ಕಟ್ಟಿದ್ದರೂ ಕೂರುತ್ತದೆ. ಶೇಷಮ್ಮ ಬಾಗಿಲಿನಿಂದಲೇ, "ದೇವ್ರಿಗೂ ಮಳೆಗಾಲದ ಕೊಪ್ಪೆ ಹಾಕಿದ್ರಾ?" ಎನ್ನುತ್ತಾರೆ. ಮಾರಪ್ಪನ ತುಟಿಯಂಚು ಸ್ವಲ್ಪ ಅಲ್ಲಾಡುತ್ತದೆ. ಚಾವಿ ತಿರುಗಿಸಿ ಎರಡು ಬೆರಳಿನಲ್ಲಿ ಗುಂಡಿ ಎಳೆಯುತ್ತಾರೆ, ಹೂ ಬಿಡಿಸುವಷ್ಟು ಮೆತ್ತಗೆ. ವೈಪರು ಓಡುತ್ತದೆ. ತಳ್ಳುತ್ತಾರೆ. ಮಲಗುತ್ತದೆ.

ಮುಕುಂದಯ್ಯ ಅದನ್ನು ನೋಡುತ್ತಾರೆ. "ಸಾಗರದಿಂದ ಬಂದ್ಮೇಲೆ ಮಾತಾಡೋಣ" ಎಂದು ಯಾರಿಗೆಂದು ತಿಳಿಯದ ಹಾಗೆ ಹೇಳಿ ಹಿಂದಿನ ಸೀಟಿನಲ್ಲಿ ಕೂರುತ್ತಾರೆ. ಶೇಷಪ್ಪ ಕಾರು ಹೊರಡಿಸುತ್ತಾನೆ. ಮಾರಪ್ಪ ತಲೆಗೆ ಬಟ್ಟೆ ಮತ್ತೆ ಕಟ್ಟಿಕೊಳ್ಳುತ್ತ ಮಂಡಿಯ ಕಡೆ ನಡೆಯುತ್ತಾರೆ.

ಬಿಸಿಲೇರಿದ ಮೇಲೆ ಹೂವಪ್ಪ ಹೊಳೆಗೆ ಹೋಗಿ ಬರುತ್ತಾರೆ. ಒದ್ದೆಬಟ್ಟೆಯಲ್ಲೇ ಹಿತ್ತಾಳೆಯ ತಟ್ಟೆಯ ಮುಂದೆ ನಿಂತು ಕೈ ಮುಗಿಯುತ್ತಾರೆ. ತಗಡು ಕಟ್ಟುವುದನ್ನು ಬಿಡುತ್ತೀರಾ ಎಂದು ಕೇಳಿದರೆ ಇಲ್ಲವೆಂದು ತಲೆಯಾಡಿಸುತ್ತಾರೆ. "ಬಿಡಲ್ಲ. ರಾಮನ ತಪ್ಪು ಎಂತ ಅದ್ರಲ್ಲಿ? ಮಾಸ್ತಪ್ಪಣ್ಣನಿಗೋಸ್ಕರ ಕಟ್ಟಿದ್ದು. ಆದ್ರೆ ಅದನ್ನ ಬಿಟ್ಟು ಉಳ್ದಿದ್ದೆಲ್ಲ ಹುಡುಕಿದ್ನಲ್ಲ ನಾನು, ಅದು ತಪ್ಪು. ಎಲ್ಲಾ ವೈರು ಬಿಚ್ಚಿದೆ. ನಾ ಕಟ್ಟಿದ್ದನ್ನ ಮಾತ್ರ ನೋಡ್ಲಿಲ್ಲ. ನೋಡು ಅಂದವ್ನಿಗೆ ಬೈದೆ."

ಹೊಸನಗರದಿಂದ ಒಂದು ಜೀಪು ಬಂದು ನಿಂತಿದೆ, ದೀಪ ಹತ್ತುತ್ತಿಲ್ಲವಂತೆ. ಹೂವಪ್ಪ ಅದರಡಿಗೆ ಸರಿಯುತ್ತಾರೆ. ರಸ್ತೆಯಲ್ಲಿ ಯಾವುದೋ ಗಾಡಿ ಹಾರನ್ ಒತ್ತಿಕೊಂಡು ಹೋಗುತ್ತದೆ. ಅವರು ಕೆಲಸ ಬಿಟ್ಟು, ಮೊಣಕೈ ಊರಿ, ಅತ್ತ ನೋಡುತ್ತಾರೆ. ಅದು ಬಸ್ಸು.

"ಅವ್ನು ಮತ್ತೆ ಒಂದ್ಸಲ ಇಲ್ಲಿ ಹಾರನ್ ಹೊಡ್ಕೊಂಡು ಹೋಗ್ಬೇಕು. ಯಾರ ಗಾಡಿ ಆದ್ರೂ ಆಗ್ಲಿ" ಎನ್ನುತ್ತಾರೆ, ಜೀಪಿನಡಿಯಿಂದಲೇ. "ಆವಾಗೆಲ್ಲ ಬರೀ ಕೈ ಆಡಿಸ್ತಿದ್ದೆ. ಈ ಸಲ ಎದ್ದು ಹೊರಗೆ ಬಂದು ನಿಲ್ತೀನಿ."