ನನ್ನನ್ನು ಕೇಳದೆ ಬರೆದ ಆದೇಶ

ಗಂಡ ತೀರಿಕೊಂಡ ಮೇಲೆ ಅವರ ಗುತ್ತೇದಾರಿಕೆಯನ್ನು ನಾನೇ ಮುಂದುವರಿಸಿದೆ. ಎಪ್ಪತ್ತರ ದಶಕದ ಬಸವಕಲ್ಯಾಣದಲ್ಲಿ ತಲೆಯ ಮೇಲೆ ಸೆರಗು ಹೊದ್ದ ಹೆಂಗಸೊಬ್ಬಳು ನಿಂತು ಗಾರೆ ಕಲಸಿಸುವುದನ್ನು ನೋಡಲು ಜನ ಸೈಕಲ್ ನಿಲ್ಲಿಸುತ್ತಿದ್ದರು. ನಿಲ್ಲಿಸಲಿ ಎಂದು ಬಿಟ್ಟೆ. ಲೈಸೆನ್ಸ್ ನನ್ನ ಹೆಸರಿಗೆ ಆಗಿತ್ತು. ಶಾಲೆಯ ಎರಡು ಕೋಣೆ ಮುಗಿಸಿ, ಮುಡಬಿ ಕಡೆಯ ದಾರಿಯಲ್ಲಿ ಹಳ್ಳಕ್ಕೊಂದು ಸಣ್ಣ ಸೇತುವೆ ಕಟ್ಟಿದೆ.

ಮರುವರ್ಷದ ಮಳೆಗೆ ಹಳ್ಳ ತುಂಬಿ, ಸೇತುವೆಗೆ ಹತ್ತುವ ಮಣ್ಣಿನ ಏರಿ ಕೊಚ್ಚಿಹೋಯಿತು. ಸೇತುವೆ ಅಲುಗಲಿಲ್ಲ. ಆ ಏರಿಗೆ ಮಣ್ಣು ಹಾಕಿಸಿದವಳು ನಾನಲ್ಲ. ಕೆಲಸ ಕೊಟ್ಟ ಇಲಾಖೆಯವರೇ ತಮ್ಮ ಕೂಲಿಗಳಿಂದ ಹಾಕಿಸಿದ್ದರು. ಆದರೂ ಕೆಲವು ವಾರಗಳಲ್ಲೇ ಇಲಾಖೆಯ ಹುಮನಾಬಾದ್ ಕಚೇರಿಯಿಂದ ಅಂಚೆಯಲ್ಲಿ ಒಂದು ಹಾಳೆ ಬಂತು. ಕಳಪೆ ಕೆಲಸದ ಕಾರಣ ನನ್ನ ಹೆಸರು ಕಪ್ಪುಪಟ್ಟಿಗೆ ಸೇರಿದೆ, ಇನ್ನು ಯಾವ ಟೆಂಡರನ್ನೂ ಹಾಕುವಂತಿಲ್ಲ. ಅದಕ್ಕೆ ಮುಂಚೆ ಒಂದು ನೋಟಿಸಿಲ್ಲ, ಒಂದು ಮಾತಿಲ್ಲ.

ಮರುದಿನವೇ ಹುಮನಾಬಾದಿನ ಬಸ್ಸು ಹತ್ತಿ, ಆದೇಶಕ್ಕೆ ಸಹಿ ಹಾಕಿದ ಸಾಹೇಬರ ಮುಂದೆ ನಿಂತೆ.

“ಸಾಹೇಬ್ರ, ಇದನ್ನ ಬರಿಯೂಕಿಂತ ಮೊದಲ ನನ್ನ ಯಾಕ ಕರೀಲಿಲ್ರಿ?”

“ನಿಮ್ಮನ್ನೇನ್ ಕೇಳೂದದ ಅಮ್ಮಾ? ವರದಿ ಬಂದದ. ಮನಿ ನೋಡ್ಕೊಂಡು ಇರ್ರಿ.”

“ವರದಿಗಿ ಬಾಯಿ ಅದ, ನನಗಿಲ್ಲೇನ್ರಿ?”

ಅವರು ಜವಾನನನ್ನು ಕೂಗಿದರು. ಹಾಳೆಯನ್ನು ಮಡಚಿಕೊಂಡು ಹೊರಬಂದೆ.

ಅದೇ ಊರಿನಲ್ಲಿ, ನಿಜಾಮರ ಕಾಲಕ್ಕೆ ಉರ್ದುವಿನಲ್ಲಿ ಕಾನೂನು ಓದಿದ ಹಳೆಯ ವಕೀಲರೊಬ್ಬರಿದ್ದರು. ನೆಟ್ಟಗೆ ಅವರ ಮನೆಗೆ ಹೋದೆ. ಅವರು ಹಾಳೆಯನ್ನು ಎರಡು ಸಲ ಓದಿದರು.

“ಅಕ್ಕಾ, ಹಳ್ಳಕ್ಕ ನೀವು ಕಟ್ಟಿದ ಪೂಲ್ ಗಟ್ಟಿ ಅದನೋ ಇಲ್ಲೋ ಹೈಕೋರ್ಟ್ ನೋಡಂಗಿಲ್ಲ. ನಿಮ್ಮ ಮಾತು ಕೇಳ್ಯಾರೋ ಇಲ್ಲೋ, ಅಷ್ಟ ನೋಡ್ತದ. ರಿಟ್ ಅರ್ಜಿ ಹಾಕಬಹುದು. ಆದ್ರ ಗೆದ್ರೂ ನಿಮಗ ಸಿಗೂದು ಎದುರ ಕೂತು ಹೇಳೂ ಅವಕಾಶ ಒಂದ.”

“ನಾ ಕೇಳಾಕತ್ತಿದ್ದೂ ಅದನ್ನ ರೀ.”

ಮನೆಯಲ್ಲಿ ಮೈದುನ ತಲೆಗೆ ಕೈಹಚ್ಚಿ ಕೂತ. “ಸರ್ಕಾರದ ಜೋಡಿ ಜಗಳ ತಗದು ಯಾರು ಉಳದಾರ ವೈನಿ?”

“ನಾ ಉಳೀತೀನಿ, ನೋಡಪ್ಪಾ,” ಎಂದೆ.

ಗುಲಬರ್ಗಾವರೆಗೆ ಬಸ್ಸು, ಅಲ್ಲಿಂದ ರೈಲು. ಬೆಂಗಳೂರಿನ ಹೈಕೋರ್ಟಿಗೆ ಮೂರು ಸಲ ಹೋಗಿಬಂದೆ. ಮೂರನೆಯ ಸಲ ನ್ಯಾಯಾಧೀಶರು ಸರ್ಕಾರದ ವಕೀಲರನ್ನು ಒಂದೇ ಪ್ರಶ್ನೆ ಕೇಳಿದರು: “ಇವರನ್ನು ಕರೆದು ಕೇಳಿದ್ದೀರಾ?” ಆ ವಕೀಲರು ಫೈಲಿನ ಹಾಳೆಗಳನ್ನು ಹಿಂದೆಮುಂದೆ ತಿರುವಿದರು, ನೋಟಿಸಿನ ಪ್ರತಿ ಅದರಲ್ಲಿರಲಿಲ್ಲ. ಆದೇಶ ರದ್ದಾಯಿತು. ನನ್ನ ಮಾತು ಕೇಳಿ ಹೊಸದಾಗಿ ತೀರ್ಮಾನಿಸಬೇಕು ಎಂದಾಯಿತು.

ಕೇಳಲು ಬಂದವರು ಮೈಸೂರು ಕಡೆಯ ಹಿರಿಯ ಅಧಿಕಾರಿ. ಕಚೇರಿಯಲ್ಲಿ ಬೇಡ, ಹಳ್ಳದ ಹತ್ತಿರವೇ ಕೇಳ್ರಿ ಎಂದೆ, ಒಪ್ಪಿದರು. ಕೊಚ್ಚಿ ಉಳಿದ ಏರಿಯನ್ನು ಅಗೆಸಿ, ಕಲ್ಲು ಹೊದಿಸದೆ ಬರೀ ಕರಿಮಣ್ಣು ಸುರಿದದ್ದನ್ನು ತೋರಿಸಿದೆ. ಅವರು ಟೇಪು ಹಿಡಿಸಿ ಬರೆದುಕೊಂಡರು. ಹೊರಡುವ ಹೊತ್ತಿಗೆ ನನಗೆ ತಡೆಯಲಾಗಲಿಲ್ಲ.

“ಪೂಲಿನ ಆ ಕಡಿ ಬಾಜೂಕಿನ ರೆಕ್ಕಿಗೋಡಿ ಒಂದು ಗೇಣು ಗಿಡ್ಡ ಅದರಿ. ಮೇಸ್ತ್ರಿ ಮಾತು ನಂಬಿ ನಾ ಅಳತಿ ನೋಡ್ಲಿಲ್ಲ. ಅದು ನನ್ನ ತಪ್ಪು, ಅದನ್ನ ಬರಕೋರಿ. ಏರಿ ಹೋಗಿದ್ದು ನನ್ನ ಮ್ಯಾಲ ಬರೀಬ್ಯಾಡ್ರಿ.”

ಜೊತೆಗೆ ಬಂದಿದ್ದ ನನ್ನ ವಕೀಲರು ಹಣೆ ಒತ್ತಿಕೊಂಡರು.

“ಇದನ್ನು ಯಾರೂ ಕೇಳಿರಲಿಲ್ಲವಲ್ಲಮ್ಮ,” ಎಂದರು ಅಧಿಕಾರಿ.

“ಕೇಳಾಕ ಬಂದೀರಿ, ಪೂರಾ ಕೇಳ್ರಿ.”

ಗೋಡೆಯನ್ನು ಒಂದು ವಾರದಲ್ಲಿ ಎತ್ತರಿಸಿಕೊಟ್ಟೆ. ಹೊಸ ತೀರ್ಮಾನದಲ್ಲಿ ನನ್ನ ಹೆಸರು ಕಪ್ಪುಪಟ್ಟಿಯಿಂದ ಪೂರಾ ಹೋಯಿತು.

ಮುಂದೆ ರಾಜೇಶ್ವರ ಗ್ರಾಮದ ಶಾಲೆಯ ಕಾಂಪೌಂಡಿಗೆ ಟೆಂಡರ್ ಕರೆದಾಗ ಮತ್ತೆ ಹುಮನಾಬಾದಿಗೆ ಹೋದೆ. ಅದೇ ಸಾಹೇಬರು, ಅದೇ ಮೇಜು. ಕೂಡ್ರಿ ಎನ್ನಲಿಲ್ಲ, ನಾನೇ ಕುರ್ಚಿ ಎಳೆದು ಕೂತೆ. ಲಕೋಟೆಗಳನ್ನು ಎಲ್ಲರೆದುರು ಒಡೆದರು, ನನ್ನ ಹೆಸರನ್ನೂ ಓದಿದರು. ಕೆಲಸ ಬೇರೆಯವರಿಗೆ ಹೋಯಿತು, ಅವರ ದರ ಕಡಿಮೆಯಿತ್ತು. ಅದಕ್ಕೆ ನನ್ನ ತಕರಾರಿರಲಿಲ್ಲ. ಏಳುವ ಮೊದಲು ಮುಂದಿನ ಟೆಂಡರಿನ, ಹುಲಸೂರ ಕೆಲಸದ ಫಾರಂ ಕೇಳಿ ಇಸಿದುಕೊಂಡೆ.