ಖಣ್ ಎಂದ ಬಂಡೆ

ಸೊಸೆ ಹುಲಿಗೆಮ್ಮ ನಮ್ಮ ಮನೆಗೆ ಬಂದ ಮರುವರ್ಷ, ಮಹಾನವಮಿ ಹತ್ತಿರ ಬಂದಾಗ ನಡೆದದ್ದು ಇದು. ನಮ್ಮದು ಗಾದಿಗನೂರಿನ ಕಡೆ. ಹಬ್ಬಕ್ಕೆ ಮೊದಲು ಗೋಡೆಗೆ ಸುಣ್ಣ ಬಳಿದು, ಬುಡಕ್ಕೆ ಕೆಮ್ಮಣ್ಣಿನ ಪಟ್ಟಿ ಎಳೆಯದಿದ್ದರೆ ಮನೆ ಮನೆಯ ಹಾಗೆ ಕಾಣುವುದಿಲ್ಲ. ಆ ಕೆಮ್ಮಣ್ಣು ತರುವುದು ಗುಡ್ಡದ ಬುಡದಿಂದ. ಅಲ್ಲಿ ಒಂದು ದೊಡ್ಡ ಕರಿಬಂಡೆಯ ಕೆಳಗೆ ಊರ ಹೆಂಗಸರೆಲ್ಲ ವರ್ಷಾ ವರ್ಷಾ ಕೆರೆದು ಕೆರೆದು ಗವಿಯೇ ಆಗಿತ್ತು. ಬಗ್ಗಿ ಒಳಗೆ ಹೋದರೆ ಆರಾಮಾಗಿ ಕೂರಬಹುದು.

ಹುಲಿಗೆಮ್ಮನಿಗೆ ಬರುವ ಮನಸ್ಸಿರಲಿಲ್ಲ. "ಹೊಸಪ್ಯಾಟ್ಯಾಗ ಡಬ್ಬಿ ಬಣ್ಣ ಸಿಗತೈತಲ್ಲತ್ತಿ. ಮಣ್ಣು ಹೊರೋದು ಯಾಕ ಬೇಕು?" ಎಂದಳು.

"ನಿಮ್ಮಪ್ಪ ಕೊಡಸ್ತಾನೇನು ಡಬ್ಬಿ? ಸುಮ್ಮ ಬುಟ್ಟಿ ತಗೊಂಡು ನಡಿಲೇ," ಎಂದೆ.

ಗವಿಯ ಮುಂದೆ ನಿಂತು, ಎಂದಿನ ಹಾಗೆ ಕುಡುಗೋಲಿನ ಹಿಂಬದಿಯಿಂದ ಮೇಲಿನ ಬಂಡೆಗೆ ಬಡಿದೆ. ಖಣ್ ಎಂದಿತು. ಸಂತೆಯಲ್ಲಿ ಗಡಿಗೆ ಕೊಳ್ಳುವಾಗ ಬಡಿದು ನೋಡುತ್ತೇವಲ್ಲ, ಹಾಗೆಯೇ ನಾವು ಗವಿಯನ್ನೂ ನೋಡುವುದು. ಖಣ್ ಎಂದರೆ ಗಟ್ಟಿ, ಬೊದ್ ಎಂದರೆ ಒಡಕು. ವಯಸ್ಸಿನಲ್ಲಿದ್ದಾಗ ಸಂಡೂರು ಗುಡ್ಡದಲ್ಲಿ ಸುತ್ತಿಗೆ ಹಿಡಿದು ಅದಿರು ಒಡೆದವಳು ನಾನು. ಕಲ್ಲಿನ ಸದ್ದು ನನಗೆ ಗೊತ್ತು ಎಂದುಕೊಂಡಿದ್ದೆ. ಹುಲಿಗೆಮ್ಮ ಒಳಗೆ ಹೋಗಿ ಕೆರೆಯತೊಡಗಿದಳು. ಅವಳು ತುಂಬಿ ಕೊಟ್ಟ ಬುಟ್ಟಿಯನ್ನು ನಾನು ಹೊರಗೆ ಕೂತು ಚೀಲಕ್ಕೆ ಸುರಿಯುತ್ತಿದ್ದೆ.

ಅಷ್ಟರಲ್ಲಿ ಕೆಳಗಿನ ದಾರಿಯಲ್ಲಿ ಜೀಪು ನಿಲ್ಲಿಸಿ ಒಬ್ಬ ಹುಡುಗಿ ಹತ್ತಿ ಬಂದಳು. ತಲೆಗೆ ಟೊಪ್ಪಿಗೆ, ಕೈಯಲ್ಲಿ ಸಣ್ಣ ಸುತ್ತಿಗೆ. ಕಂಪ್ಲಿಯವಳಂತೆ, ಕಲ್ಲಿನ ವಿದ್ಯೆ ಓದಿದವಳಂತೆ. ಗುಡ್ಡದಲ್ಲಿ ಅದಿರು ಹೇಗೆ ಆಯಿತೆಂದು ನೋಡುತ್ತಾ ತಿರುಗುತ್ತಿದ್ದಳು. ಗವಿ ನೋಡಿದವಳೇ, "ಅಜ್ಜಿ, ಒಳಗ ಯಾರದಾರ್ರಿ?" ಎಂದಳು.

"ನನ್ನ ಸೊಸಿ."

"ಜಲ್ದಿ ಹೊರಗ ಕರೀರಿ. ಇದು ಕುಸಿತೈತಿ."

ನನಗೆ ಸಿಟ್ಟು ಬಂತು. "ನಮ್ಮತ್ತಿ ಕಾಲದಿಂದ ಕುಸಿದಿಲ್ಲ, ನೀ ಬಂದಿ ಅಂತ ಕುಸಿತೈತೇನವ್ವ? ಗಡಿಗಿ ಬಡದಂಗ ಬಡದು ನೋಡೀನಿ," ಎಂದು ಮತ್ತೊಮ್ಮೆ ಬಡಿದು ತೋರಿಸಿದೆ. ಖಣ್ ಎಂದಿತು.

ಅವಳು ಪಕ್ಕದಲ್ಲಿ ಬಿದ್ದಿದ್ದ ಪಟ್ಟೆ ಪಟ್ಟೆ ಕಲ್ಲೊಂದನ್ನು ಎತ್ತಿ ಹಿಡಿದಳು. "ಇದು ಒಂದು ಕಾಲಕ್ಕ ಸಮುದ್ರದ ತಳ ಇತ್ತಜ್ಜಿ. ಒಂದು ಪದರ ಕಬ್ಬಿಣ, ಒಂದು ಪದರ ಬೆಣಚುಕಲ್ಲು, ಹಿಂಗ ಕೂತಿತ್ತು. ಗುಡ್ಡ ಎದ್ದ ಮ್ಯಾಲ ಮಳಿನೀರು ಬಿರುಕಿನಾಗ ಇಳದು ಇಳದು ಬೆಣಚು ತೊಳಕೊಂಡು ಹೋತು. ಕಬ್ಬಿಣ ಉಳೀತು. ಸಂಡೂರಾಗ ಒಡಿಯೋ ಅದಿರು ಅದ. ಮ್ಯಾಲಿಂದು ಬಿಗದು ಈ ಕಲ್ಲಿನ ಮುಚ್ಚಳ ಆತು. ಕೆಳಗಿಂದು ಬಿಗೀಲಿಲ್ಲ, ಹಿಟ್ಟಾಗೇ ಉಳೀತು."

"ಸಂಡೂರಾಗ ಸಮುದ್ರ," ಎಂದು ನಾನು ನಕ್ಕೆ.

"ಗಡಿಗಿ ಬಡದ್ರಿ ಸರಿ. ಅದು ಕೂತಿರೋ ಒಲಿಗುಂಡು ನೋಡೀರೇನು?" ಎಂದು ಬಂಡೆಯ ಕೆಳಗಿನ ಗೋಡೆ ತೋರಿಸಿದಳು. ಯಾರೂ ಮುಟ್ಟದೆಯೇ ಅಲ್ಲಿಂದ ಕೆಂಪು ಹಿಟ್ಟು ಸಣ್ಣಗೆ ಸುರಿಯುತ್ತಿತ್ತು, ಬೀಸುಕಲ್ಲಿನ ಅಂಚಿನಿಂದ ಸುರಿಯುವ ಹಾಗೆ. ನನ್ನ ನಗೆ ನಿಂತಿತು.

"ಹುಲಿಗೀ, ಹೊರಗ ಬಾ," ಎಂದು ಕೂಗಿದೆ.

"ಬುಟ್ಟಿ ಅರ್ಧ ಆಗೈತಿ, ತುಂಬಿಸಿ ಬರ್ತೀನಿ. ಆಮ್ಯಾಲ ಕಡಿಮಿ ಆತಂತ ನೀವ ಬೈತೀರಿ."

"ಬುಟ್ಟಿ ಬಿಡಲೇ, ಗವಿ ಬೀಳತೈತಂತ."

"ಗಟ್ಟಿ ಐತಿ ಅಂದಾಕಿ ನೀವ ಅಲ್ಲೇನು?" ಒಳಗೆ ಕೆರೆಯುವ ಸದ್ದು ನಿಲ್ಲಲಿಲ್ಲ.

ಇವಳಿಗೆ ಸಮುದ್ರ, ಬೆಣಚು ಎಂದು ಹೇಳುತ್ತಾ ಕೂತರೆ ಆಗದು ಎನಿಸಿತು. "ಹಾವು ಲೇ, ನಿನ್ನ ಬೆನ್ನ ಹಿಂದ ಹಾವು," ಎಂದು ಚೀರಿದೆ.

ಬುಟ್ಟಿ ಅಲ್ಲೇ ಬಿಟ್ಟು ಮೊಳಕಾಲ ಮೇಲೆ ತೆವಳಿ ಬಂದಳು. ಆ ಹುಡುಗಿ ತೋಳು ಹಿಡಿದು ಎಳೆದಳು, ನಾನು ಸೆರಗು ಹಿಡಿದು ಎಳೆದೆ. ಮೂವರೂ ಇಳಿಜಾರಿನಲ್ಲಿ ಉರುಳಿದೆವು. "ಎಲ್ಲೈತಿ ಹಾವು?" ಎಂದು ಹುಲಿಗೆಮ್ಮ ಕೇಳುತ್ತಿದ್ದಾಗಲೇ ಹಿಂದೆ ಬುಸ್ ಎಂದಿತು. ದೊಡ್ಡ ಸದ್ದೇನಿಲ್ಲ. ಜೋಳದ ಹಿಟ್ಟಿನ ಚೀಲ ಹರಿದ ಹಾಗೆ ಗೋಡೆ ಜಾರಿತು, ಬಂಡೆ ಇಡಿಯಾಗಿ ಕೆಳಗಿಳಿದು ಕೂತುಬಿಟ್ಟಿತು.

ಧೂಳು ಇಳಿದ ಮೇಲೆ ನೋಡಿದರೆ ಮೂವರೂ ಒಂದೇ ಬಣ್ಣ. ಹುಲಿಗೆಮ್ಮ ಬಂಡೆಯನ್ನೇ ನೋಡಿದಳು. ಆಮೇಲೆ, "ಹಾವಿಲ್ಲೇನತ್ತಿ?" ಎಂದಳು. ಇಲ್ಲ ಎಂದೆ. ಆಗ ಅಳತೊಡಗಿದಳು. ಆ ಹುಡುಗಿ ಜೀಪಿನಿಂದ ನೀರು ತಂದು ಇಬ್ಬರಿಗೂ ಕುಡಿಸಿದಳು. ಅವಳ ಹೆಸರು ಕೇಳುವುದು ನನಗೆ ಹೊಳೆಯಲೇ ಇಲ್ಲ.

ಸಂಜೆ ನಳದ ಹತ್ತಿರ ಹೆಂಗಸರಿಗೆಲ್ಲ, ಬಂಡೆಯ ಕೆಳಗೆ ಇನ್ನು ಯಾರೂ ಹೊಗಬೇಡಿ, ಬಯಲಿನ ಮಣ್ಣೇ ಸಾಕು ಎಂದೆ. "ಮುದುಕಿ ಅಂಜ್ಯಾಳ" ಎಂದು ಕೆಲವರು ನಕ್ಕರು. ಹೌದು, ಅಂಜಿದ್ದೆ. ಈಗಲೂ ಅಂಜುತ್ತೇನೆ.

ಇಲ್ಲಿ ಸಮುದ್ರ ಇತ್ತೋ ಇಲ್ಲವೋ ನಾನು ಕಂಡಿಲ್ಲ. ಹಿಟ್ಟು ಸುರಿದದ್ದು ಕಂಡೆ, ಅಷ್ಟು ಸಾಕು. ಆ ಬಂಡೆ ಒಂದು ಬಿರುಕೂ ಇಲ್ಲದೆ ಅಲ್ಲೇ ಕೂತಿದೆ. ಸುತ್ತ ಹುಲ್ಲು ಬೆಳೆದು, ಅಲ್ಲಿ ಗವಿ ಇತ್ತೆಂದು ಹೊಸಬರಿಗೆ ತಿಳಿಯುವುದಿಲ್ಲ. ಆಡು ಮೇಯಿಸಲು ಹೋದಾಗ ನನ್ನ ಕಣ್ಣು ಮಾತ್ರ ಅದರ ಅಡಿಗೇ ಹೋಗುತ್ತದೆ. ಹುಲಿಗೆಮ್ಮನಿಗೆ ಈಗ ಇಬ್ಬರು ಮಕ್ಕಳು. ದಿನಾ ನನಗೆ ಎದುರು ಮಾತಾಡುತ್ತಾಳೆ. ಮಾತಾಡಲಿ.